ಕೆನಡಾ ಪಿಆರ್: ಅಂಕ ಎಣಿಸುವ ಮೊದಲು ಕಾಗದ ಜೋಡಿಸಿ

“ಕಾಕಾ, ನನ್ನ ಪಾಯಿಂಟ್ ಎಷ್ಟಾಗ್ತಾವ ನೋಡ್ರಿ.” ಪಿಆರ್, ಅಂದರೆ ಕಾಯಂ ವಾಸದ ಹಕ್ಕು, ಪಡೆದು ಕೆನಡಾಕ್ಕೆ ಹೋಗಬೇಕು ಅಂತ ಕಲಬುರಗಿ, ಬೀದರ್, ಯಾದಗಿರಿಯಿಂದ ಫೋನ್ ಮಾಡುವ ಹುಡುಗ ಹುಡುಗಿಯರ ಮೊದಲ ಮಾತು ಇದೇ. ಅಂಕ ಎಣಿಸುವುದು ಹತ್ತು ನಿಮಿಷದ ಕೆಲಸ. ನಮ್ಮವರು ಎಡವುತ್ತಿರುವುದು ಅಲ್ಲಿ ಅಲ್ಲ. ವಿಶ್ವವಿದ್ಯಾಲಯದ ಲಕೋಟೆ ತಡವಾಯಿತು, ಪಾಸ್‌ಪೋರ್ಟ್‌ನಲ್ಲಿ ಒಂದು ಹೆಸರು ಅಂಕಪಟ್ಟಿಯಲ್ಲಿ ಇನ್ನೊಂದು, ಅನುಭವ ಪತ್ರದಲ್ಲಿ ಕೆಲಸ ಏನೆಂದೇ ಬರೆದಿಲ್ಲ, ಖಾತೆಗೆ ದುಡ್ಡು ಬಂದದ್ದು ಹೋದ ವಾರ. ಅಂಕ ಇದ್ದವರೂ ಈ ನಾಲ್ಕರಲ್ಲಿ ಒಂದಕ್ಕೆ ಸಿಕ್ಕಿ ಉಳಿದುಬಿಡುತ್ತಾರೆ. ಅದೇ ತಪ್ಪನ್ನು ಮತ್ತೆ ಮತ್ತೆ ನೋಡಿ ಸಂಕಟವಾಗುತ್ತದೆ. ಅದಕ್ಕೇ ಇದನ್ನು ಬರೆದಿದ್ದೇನೆ.

ಇಲ್ಲಿ ಹೇಳುತ್ತಿರುವುದು ಎಕ್ಸ್‌ಪ್ರೆಸ್ ಎಂಟ್ರಿಯ ದಾರಿ, ಅಂದರೆ ಆನ್‌ಲೈನ್‌ನಲ್ಲಿ ಪ್ರೊಫೈಲ್ ತುಂಬಿದವರನ್ನು ಅಂಕ ನೋಡಿ ಪಿಆರ್ ಅರ್ಜಿಗೆ ಕರೆಯುವ ವ್ಯವಸ್ಥೆ. ಅದರಲ್ಲೂ ಕೆನಡಾದಲ್ಲಿ ಒಂದು ದಿನವೂ ಕೆಲಸ ಮಾಡದೆ, ಊರಲ್ಲೇ ಕೂತು ಅರ್ಜಿ ಹಾಕುವವರ ದಾರಿ. ಅದಕ್ಕೆ ಫೆಡರಲ್ ಸ್ಕಿಲ್ಡ್ ವರ್ಕರ್ ಅಂತ ಹೆಸರು. ಹಂತಗಳನ್ನು ಇದೇ ಕ್ರಮದಲ್ಲಿ ಮಾಡಿ. ಕ್ರಮ ತಪ್ಪಿದರೆ ಒಂದು ಕಾಗದ ಕೈಗೆ ಬರುವಷ್ಟರಲ್ಲಿ ಇನ್ನೊಂದರ ಅವಧಿ ಮುಗಿದಿರುತ್ತದೆ.

## ಶುರು ಮಾಡುವ ಮುಂಚೆ ಕೈಯಲ್ಲಿ ಇರಬೇಕಾದದ್ದು

ನಿಮ್ಮದೇ ಒಂದು ಇಮೇಲ್, ನಿಮ್ಮದೇ ಒಂದು ಮೊಬೈಲ್ ನಂಬರ್. ಅಣ್ಣನದ್ದೂ ಬೇಡ, ಏಜೆಂಟರದ್ದಂತೂ ಬೇಡವೇ ಬೇಡ. ಒಂದು ಒಳ್ಳೆಯ ಸ್ಕ್ಯಾನರ್ ಸಿಗುವ ಅಂಗಡಿ ಗೊತ್ತಿರಲಿ. ಮೊಬೈಲ್‌ನಲ್ಲಿ ಹೊಡೆದ ಓರೆ ಫೋಟೋ ಸಾಲದು. ಒಂದು ನೋಟ್‌ಬುಕ್ ಇಡಿ. ಅದರಲ್ಲಿ ಪ್ರತಿ ಕಾಗದ ಯಾವತ್ತು ಕೇಳಿದಿರಿ, ಯಾವತ್ತು ಬಂತು, ಯಾವತ್ತಿನವರೆಗೆ ನಡೆಯುತ್ತದೆ ಅಂತ ಮೂರು ದಿನಾಂಕ ಬರೆಯಿರಿ. ಈ ನೋಟ್‌ಬುಕ್ ಇಲ್ಲದವರೇ ಜಾಸ್ತಿ ಕಷ್ಟಪಟ್ಟಿದ್ದಾರೆ.

## ಹಂತ 1: 67 ಬೇರೆ, ಸಿಆರ್‌ಎಸ್ ಬೇರೆ

ಇಲ್ಲಿ ಎರಡು ಲೆಕ್ಕ ಇವೆ. ಎರಡನ್ನೂ ಕಲಸಿಕೊಳ್ಳುವುದೇ ಮೊದಲ ತಪ್ಪು.

ಮೊದಲನೆಯದು ಬಾಗಿಲ ಲೆಕ್ಕ. 100ಕ್ಕೆ 67 ಬಂದರೆ ಒಳಗೆ ಬಿಡುತ್ತಾರೆ. ಭಾಷೆಗೆ 28, ಓದಿಗೆ 25, ಅನುಭವಕ್ಕೆ 15, ವಯಸ್ಸಿಗೆ 12, ಖಚಿತ ಕೆಲಸಕ್ಕೆ 10, ಹೊಂದಿಕೊಳ್ಳುವಿಕೆಗೆ 10. ಎರಡನೆಯದು ಸಿಆರ್‌ಎಸ್, 1200ಕ್ಕೆ ಲೆಕ್ಕ. ಒಳಗೆ ಬಂದವರಲ್ಲಿ ಯಾರನ್ನು ಮೊದಲು ಕರೆಯಬೇಕು ಅನ್ನುವುದನ್ನು ಇದು ತೀರ್ಮಾನಿಸುತ್ತದೆ.

“ನನಗೆ 67 ಇದೆ, ಪಿಆರ್ ಪಕ್ಕಾ” ಅಂತ ಮನೆಯಲ್ಲಿ ಸಿಹಿ ಹಂಚಿದವರನ್ನು ನೋಡಿದ್ದೇನೆ. 67 ಅಂದರೆ ಸರದಿಯಲ್ಲಿ ನಿಲ್ಲಲು ಜಾಗ ಸಿಕ್ಕಿತು, ಅಷ್ಟೇ.

ಆದರೆ ಆ ಬಾಗಿಲೂ ಸುಮ್ನೆ ತೆರೆಯುವುದಿಲ್ಲ. 29 ವರ್ಷದ, ಬಿಇ ಓದಿದ, 3 ವರ್ಷ ಅನುಭವ ಇರುವ ಒಬ್ಬ ಹುಡುಗನನ್ನು ತೆಗೆದುಕೊಳ್ಳಿ. ವಯಸ್ಸಿಗೆ 12, ಪದವಿಗೆ 21, ಅನುಭವಕ್ಕೆ 11. ಒಟ್ಟು 44. ಸಿಎಲ್‌ಬಿ ಅಂದರೆ ಕೆನಡಾದವರು ಭಾಷೆಯ ಮಟ್ಟ ಅಳೆಯುವ ಲೆಕ್ಕ. ಇಂಗ್ಲಿಷ್‌ನಲ್ಲಿ ಕೇಳು, ಓದು, ಬರಹ, ಮಾತು ನಾಲ್ಕೂ ವಿಭಾಗ ಸಿಎಲ್‌ಬಿ 8 ಬಂದರೆ 20 ಸೇರಿ 64. ಬಾಗಿಲಲ್ಲೇ ಉಳಿದ! ಸಿಎಲ್‌ಬಿ 9 ಬಂದರೆ 24 ಸೇರಿ 68, ಒಳಗೆ ಬಂದ. ಕೆನಡಾದಲ್ಲಿ ಪಿಆರ್ ಅಥವಾ ಪೌರತ್ವ ಇರುವ ಅಕ್ಕ, ಅಣ್ಣ, ಚಿಕ್ಕಪ್ಪ, ಸೋದರಮಾವ ಇದ್ದರೆ 5 ಅಂಕ ಸೇರುತ್ತದೆ. ಹೆಂಡತಿ ಅಥವಾ ಗಂಡ ಇಂಗ್ಲಿಷ್ ಪರೀಕ್ಷೆಯಲ್ಲಿ ಸಿಎಲ್‌ಬಿ 4 ಪಡೆದರೂ 5. ಆದರೆ ಸಂಬಂಧ ಕಾಗದದಲ್ಲಿ ತೋರಿಸಲು ಬರಬೇಕು. ನಮ್ಮಲ್ಲಿ ಓಣಿಯವರೆಲ್ಲಾ ಕಾಕಾ, ಮಾಮಾ ಅಲ್ವಾ? ಅವರು ಲೆಕ್ಕಕ್ಕೆ ಬರುವುದಿಲ್ಲ.

## ಹಂತ 2: ಹೆಸರು ಮತ್ತು ಪಾಸ್‌ಪೋರ್ಟ್

ಎಲ್ಲಕ್ಕಿಂತ ಮೊದಲು ಎಸ್ಸೆಸ್ಸೆಲ್ಸಿ ಅಂಕಪಟ್ಟಿ, ಪದವಿ ಪ್ರಮಾಣಪತ್ರ, ಆಧಾರ್, ಪಾಸ್‌ಪೋರ್ಟ್ ನಾಲ್ಕನ್ನೂ ಸಾಲಾಗಿ ಮೇಜಿನ ಮೇಲೆ ಇಡಿ. ಒಂದೊಂದು ಅಕ್ಷರ ಓದಿ.

ನಮ್ಮ ಕಡೆ ಈ ತೊಂದರೆ ಜಾಸ್ತಿ. ಶಾಲೆಯಲ್ಲಿ ಬರೀ “ಮಲ್ಲಿಕಾರ್ಜುನ”. ಪದವಿಯಲ್ಲಿ ಹೆಸರಿನ ಜೊತೆ ತಂದೆಯ ಹೆಸರು. ಪಾಸ್‌ಪೋರ್ಟ್‌ನಲ್ಲಿ ಮನೆತನದ ಹೆಸರು, ಪಾಟೀಲ ಅಂತಲೋ ಬಿರಾದಾರ ಅಂತಲೋ. ಮದುವೆಯಾದ ಹೆಣ್ಣುಮಕ್ಕಳಿಗೆ ಇನ್ನೊಂದು ಬದಲಾವಣೆ. ಉರ್ದು ಹೆಸರುಗಳಲ್ಲಿ ಒಂದೇ ಹೆಸರಿಗೆ ಇಂಗ್ಲಿಷ್‌ನಲ್ಲಿ ಮೂರು ಬಗೆಯ ಸ್ಪೆಲ್ಲಿಂಗ್ ಇರುವುದು ಸಾಮಾನ್ಯ.

ಪಾಸ್‌ಪೋರ್ಟ್‌ನಲ್ಲಿ ಇರುವ ಹೆಸರೇ ಕೊನೆಯ ಮಾತು. ಇಂಗ್ಲಿಷ್ ಪರೀಕ್ಷೆ, ಪದವಿ ಮೌಲ್ಯಮಾಪನ, ಪ್ರೊಫೈಲ್ ಎಲ್ಲದರಲ್ಲೂ ಅದೇ ಇರಬೇಕು. ಪಾಸ್‌ಪೋರ್ಟ್‌ನಲ್ಲೇ ತಪ್ಪಿದ್ದರೆ ಈಗಲೇ ತಿದ್ದಿಸಿ, ಮುಂದಿನ ಹಂತಕ್ಕೆ ಹೋಗಲೇಬೇಡಿ. ಹಳೆಯ ಅಂಕಪಟ್ಟಿಗಳಲ್ಲಿ ಬೇರೆ ಇದ್ದರೆ ಎರಡೂ ಹೆಸರು ಒಬ್ಬರದ್ದೇ ಎಂದು ಹೇಳುವ ಅಫಿಡವಿಟ್ ಅನ್ನು ನೋಟರಿ ಮುಂದೆ ಮಾಡಿಸಿ, ಸ್ಕ್ಯಾನ್ ಮಾಡಿ ಇಟ್ಟುಕೊಳ್ಳಿ.

ಊರಿನ ಹೆಸರಿನ ಬಗ್ಗೆ ಜನ ಸುಮ್ನೆ ಹೆದರುತ್ತಾರೆ. 2014ರ ನವೆಂಬರ್ 1ರಂದು ಗುಲ್ಬರ್ಗಾ ಕಲಬುರಗಿ ಆಯಿತು. ಹಳೆ ಕಾಗದದಲ್ಲಿ ಗುಲ್ಬರ್ಗಾ, ಹೊಸದರಲ್ಲಿ ಕಲಬುರಗಿ ಇರುವುದು ಸಹಜ. ಯಾದಗಿರಿಯವರ ಹಳೆಯ ಜನನ ಪತ್ರದಲ್ಲಿ ಜಿಲ್ಲೆ ಗುಲ್ಬರ್ಗಾ ಅಂತಲೇ ಇರುತ್ತದೆ, ಆಗ ಯಾದಗಿರಿ ಬೇರೆ ಜಿಲ್ಲೆ ಆಗಿರಲಿಲ್ಲ. ಇದಕ್ಕೆ ಯಾವ ಕಾಗದವನ್ನೂ ತಿದ್ದಿಸಬೇಕಿಲ್ಲ. ಅರ್ಜಿಯ ಜೊತೆ ಇಡುವ ವಿವರಣೆ ಪತ್ರದಲ್ಲಿ ಎರಡು ಸಾಲು ಬರೆಯಿರಿ, ಸಾಕು. ಫಾರಂಗಳಲ್ಲಿ ಮಾತ್ರ ಹುಟ್ಟಿದ ಊರನ್ನು ಪಾಸ್‌ಪೋರ್ಟ್‌ನಲ್ಲಿ ಇರುವಂತೆಯೇ ತುಂಬಿ.

## ಹಂತ 3: ಟ್ರಾನ್ಸ್‌ಕ್ರಿಪ್ಟ್ ಮತ್ತು ಪದವಿ ಮೌಲ್ಯಮಾಪನ

ಜಾಸ್ತಿ ಸಮಯ ತಿನ್ನುವುದು ಇದೇ. ಹಾಗಾಗಿ ಇಂಗ್ಲಿಷ್ ಪರೀಕ್ಷೆಗೆ ದುಡ್ಡು ಕಟ್ಟುವ ಮುಂಚೆ ಇದನ್ನು ಶುರು ಮಾಡಿ.

ನಿಮ್ಮ ಪದವಿ ಕೆನಡಾದ ಯಾವ ಪದವಿಗೆ ಸಮ ಎಂದು ಅವರು ಒಪ್ಪಿದ ಸಂಸ್ಥೆಯೊಂದು ಹೇಳಬೇಕು. ಈ ವರದಿಯನ್ನು ಇಸಿಎ ಅನ್ನುತ್ತಾರೆ. ನಮ್ಮವರು ಹೆಚ್ಚಾಗಿ ಡಬ್ಲ್ಯೂಇಎಸ್ ಮೂಲಕ ಮಾಡಿಸುತ್ತಾರೆ. ಐಸಿಎಎಸ್, ಐಕ್ಯೂಎಎಸ್ ಮುಂತಾದವೂ ಇವೆ. ವೈದ್ಯರಿಗೆ ಮಾತ್ರ ಮೆಡಿಕಲ್ ಕೌನ್ಸಿಲ್ ಆಫ್ ಕೆನಡಾ. ವರದಿ 5 ವರ್ಷ ನಡೆಯುತ್ತದೆ.

ಮೊದಲು ಸಂಸ್ಥೆಯ ಜಾಲತಾಣದಲ್ಲಿ ಖಾತೆ ತೆರೆದು ನಿಮ್ಮ ರೆಫರೆನ್ಸ್ ನಂಬರ್ ಪಡೆಯಿರಿ. ಆ ನಂಬರ್ ಇರುವ ಫಾರಂ ಹಿಡಿದುಕೊಂಡು ವಿಶ್ವವಿದ್ಯಾಲಯಕ್ಕೆ ಹೋಗಿ. ಟ್ರಾನ್ಸ್‌ಕ್ರಿಪ್ಟ್, ಅಂದರೆ ನಿಮ್ಮ ಎಲ್ಲಾ ಅಂಕಗಳ ಅಧಿಕೃತ ಪಟ್ಟಿ, ಅಲ್ಲಿಂದಲೇ, ಮುಚ್ಚಿದ ಲಕೋಟೆಯಲ್ಲಿ, ಸೀಲು ಸಹಿಯೊಂದಿಗೆ ಹೋಗಬೇಕು. ನಿಮ್ಮ ಕೈಗೆ ಕೊಟ್ಟರೆ ಲಕೋಟೆ ಒಡೆಯಬೇಡಿ. ಒಳಗೆ ಏನಿದೆ ನೋಡೋಣ ಅಂತ ಒಡೆದವರು ಮತ್ತೆ ಮೊದಲಿನಿಂದ ಅಲೆದಿದ್ದಾರೆ.

ಯಾವ ವಿಶ್ವವಿದ್ಯಾಲಯಕ್ಕೆ ಹೋಗಬೇಕು? ನಿಮ್ಮ ಪದವಿ ಪ್ರಮಾಣಪತ್ರದ ತಲೆಯಲ್ಲಿ ಯಾರ ಹೆಸರು ಇದೆಯೋ ಅಲ್ಲಿಗೆ. ಈ ಗೊಂದಲ ಈಗ ಹೆಚ್ಚಾಗಿದೆ. ಬೀದರ್‌ನ ಕಾಲೇಜುಗಳು ಬೀದರ್ ವಿಶ್ವವಿದ್ಯಾಲಯಕ್ಕೆ ಸೇರಿವೆ, ಯಾದಗಿರಿಯವು ರಾಯಚೂರಿನ ವಿಶ್ವವಿದ್ಯಾಲಯಕ್ಕೆ. ಆದರೆ ನೀವು 2015ರಲ್ಲಿ ಬಿಎಸ್ಸಿ ಮುಗಿಸಿದ್ದರೆ ಪ್ರಮಾಣಪತ್ರ ಗುಲ್ಬರ್ಗಾ ವಿಶ್ವವಿದ್ಯಾಲಯದ್ದೇ. ಬಿಇ ಆದವರು ಕಾಲೇಜು ಕಲಬುರಗಿಯದ್ದೋ ಭಾಲ್ಕಿಯದ್ದೋ ಆಗಿದ್ದರೂ ವಿಟಿಯುಗೆ, ಅಂದರೆ ಬೆಳಗಾವಿಗೆ ಅರ್ಜಿ ಹಾಕಬೇಕು. ನರ್ಸಿಂಗ್ ಆದವರಿಗೆ ಬೆಂಗಳೂರಿನ ರಾಜೀವ್ ಗಾಂಧಿ ಆರೋಗ್ಯ ವಿಜ್ಞಾನಗಳ ವಿಶ್ವವಿದ್ಯಾಲಯ. ಕಾಲೇಜಿನ ಪ್ರಾಂಶುಪಾಲರು ಸಹಿ ಮಾಡಿದ ಲಕೋಟೆ ಸಾಲುತ್ತದೆ ಅಂತ ಯಾರಾದರೂ ಹೇಳಿದರೆ ನಂಬಬೇಡಿ. ಸ್ವಾಯತ್ತ ಕಾಲೇಜಿನಲ್ಲಿ ಓದಿದವರು ಯಾರ ಲಕೋಟೆ ಬೇಕೆಂದು ಮೌಲ್ಯಮಾಪನ ಸಂಸ್ಥೆಯ ಪಟ್ಟಿಯಲ್ಲೇ ನೋಡಿಕೊಳ್ಳಿ.

ಎಲ್ಲಾ ಸೆಮಿಸ್ಟರ್ ಅಂಕಪಟ್ಟಿಯ ಪ್ರತಿ ತೆಗೆದುಕೊಂಡು ಹೋಗಿ. ಒಂದು ಕಳೆದಿದ್ದರೂ ಅಲ್ಲೇ ನಿಲ್ಲುತ್ತದೆ. ಘಟಿಕೋತ್ಸವದ ಪ್ರಮಾಣಪತ್ರ ಇನ್ನೂ ತೆಗೆದುಕೊಂಡಿಲ್ಲದಿದ್ದರೆ ಅದಕ್ಕೂ ಅದೇ ದಿನ ಅರ್ಜಿ ಕೊಡಿ. ತಾತ್ಕಾಲಿಕ ಪ್ರಮಾಣಪತ್ರದ ಮೇಲೆ ಕೂತು ಹತ್ತು ವರ್ಷ ಕಳೆದವರು ನಮ್ಮಲ್ಲಿ ಬಹಳ.

ಇನ್ನೊಂದು ಮಾತು. ಒಂದಕ್ಕಿಂತ ಹೆಚ್ಚು ಪದವಿ ಇದ್ದರೆ ಎಲ್ಲವನ್ನೂ ಕಳಿಸಿ. ಬಿಎಸ್ಸಿ ಆದಮೇಲೆ ಬಿಎಡ್ ಮಾಡಿದ ನಮ್ಮ ಶಿಕ್ಷಕರು ಬಿಎಸ್ಸಿ ಒಂದನ್ನೇ ಕಳಿಸಿ ಕೈತೊಳೆದುಕೊಳ್ಳುತ್ತಾರೆ. ಎರಡು ಪದವಿ ಅಂತ ವರದಿ ಬಂದರೆ ಸಿಆರ್‌ಎಸ್‌ನಲ್ಲಿ ಎಷ್ಟು ಏರುತ್ತದೆ ಅಂತ ಹಂತ 7ರಲ್ಲಿ ನೋಡಿ.

## ಹಂತ 4: ಇಂಗ್ಲಿಷ್ ಪರೀಕ್ಷೆ

ಲಕೋಟೆ ಹೋಗಿ ವರದಿ ಬರುವವರೆಗಿನ ಸಮಯ ಓದಿಗೆ. ಫಲಿತಾಂಶ ನಡೆಯುವುದು 2 ವರ್ಷ ಮಾತ್ರ. ಪ್ರೊಫೈಲ್ ಮಾಡುವ ದಿನವೂ, ಕೊನೆಯ ಅರ್ಜಿ ಸಲ್ಲಿಸುವ ದಿನವೂ ಅದಕ್ಕೆ ಜೀವ ಇರಬೇಕು. ಪರೀಕ್ಷೆ ಮೊದಲು ಬರೆದು, ಟ್ರಾನ್ಸ್‌ಕ್ರಿಪ್ಟ್‌ಗೆ ಆಮೇಲೆ ಓಡುವವರು ಈ ಅವಧಿಯನ್ನು ಸುಮ್ನೆ ಕಳೆದುಕೊಳ್ಳುತ್ತಾರೆ.

ಐಇಎಲ್‌ಟಿಎಸ್ ಬರೆಯುವುದಾದರೆ ಜನರಲ್ ಟ್ರೇನಿಂಗ್ ಅನ್ನೇ ಆರಿಸಿ. ಅಕಾಡೆಮಿಕ್ ಇದಕ್ಕೆ ನಡೆಯುವುದಿಲ್ಲ. ಓದಲು ಹೋಗುವ ಗೆಳೆಯನ ಜೊತೆ ಸೇರಿ ಅಕಾಡೆಮಿಕ್‌ಗೆ ದುಡ್ಡು ಕಟ್ಟಿದವರು ಪ್ರತಿ ವರ್ಷ ಸಿಗುತ್ತಾರೆ. ಸೆಲ್ಪಿಪ್ ಜನರಲ್ ಕೂಡ ನಡೆಯುತ್ತದೆ. 2024ರ ಜನವರಿ ಕೊನೆಯಿಂದ ಪಿಟಿಇ ಕೋರ್ ಅನ್ನೂ ಒಪ್ಪುತ್ತಾರೆ. ಪಿಟಿಇಯಲ್ಲೂ ಅಕಾಡೆಮಿಕ್ ಬೇಡ, ಕೋರ್ ಬೇಕು.

ಈ ದಾರಿಗೆ ಕನಿಷ್ಠ ಸಿಎಲ್‌ಬಿ 7, ಅಂದರೆ ಐಇಎಲ್‌ಟಿಎಸ್‌ನ ನಾಲ್ಕೂ ವಿಭಾಗದಲ್ಲಿ 6. ಆದರೆ ನಿಮ್ಮ ಗುರಿ ಸಿಎಲ್‌ಬಿ 9 ಇರಲಿ. ಕೇಳುವುದರಲ್ಲಿ 8, ಓದುವುದರಲ್ಲಿ 7, ಬರೆಯುವುದರಲ್ಲಿ 7, ಮಾತಿನಲ್ಲಿ 7. ಒಟ್ಟು ಬ್ಯಾಂಡ್ ಎಷ್ಟು ಅಂತ ಯಾರೂ ನೋಡುವುದಿಲ್ಲ. “ನನಗೆ ಓವರಾಲ್ 7.5” ಅನ್ನುವ ಮಾತಿಗೆ ಇಲ್ಲಿ ಬೆಲೆ ಇಲ್ಲ.

ನಮ್ಮವರು ಸಿಕ್ಕಿಬೀಳುವುದು ಬರವಣಿಗೆಯಲ್ಲಿ. ಮೂರರಲ್ಲಿ ಸಿಎಲ್‌ಬಿ 9 ಬಂದು ಬರವಣಿಗೆಯಲ್ಲಿ 6.5 ಬಂದರೆ ಏನಾಗುತ್ತದೆ? ಮದುವೆಯಾಗದ, ಮೂರು ವರ್ಷ ಅನುಭವದ ಬಿಇ ಹುಡುಗನಿಗೆ ಆ ಅರ್ಧ ಬ್ಯಾಂಡ್ 45 ಸಿಆರ್‌ಎಸ್ ಅಂಕ ತಿನ್ನುತ್ತದೆ. ಭಾಷೆಯ ಅಂಕದಲ್ಲಿ 8, ಜೊತೆಗೆ ಓದು ಮತ್ತು ಅನುಭವವನ್ನು ಭಾಷೆಯೊಂದಿಗೆ ಸೇರಿಸಿ ಕೊಡುವ ಅಂಕದಲ್ಲಿ 37. ಸಿಎಲ್‌ಬಿ 9 ನಾಲ್ಕರಲ್ಲೂ ಇದ್ದರೆ ಮಾತ್ರ ಆ ಹೆಚ್ಚಿನ ಅಂಕ. ಹೀಗಾಗಿ ಆರು ತಿಂಗಳು ಇನ್ನೇನನ್ನೂ ಮಾಡದೆ ಬರವಣಿಗೆ ತಿದ್ದಿಕೊಂಡರೂ ಅದು ದೊಡ್ಡ ಗಳಿಕೆ. ದಿನಕ್ಕೊಂದು ಪತ್ರ, ಒಂದು ಪ್ರಬಂಧ ಬರೆಯಿರಿ. ಬರೆದದ್ದನ್ನು ತಿದ್ದುವ ಒಬ್ಬ ಮೇಷ್ಟ್ರು ಬೇಕು. ತಿದ್ದಿಸಿಕೊಳ್ಳದೆ ನೂರು ಪ್ರಬಂಧ ಬರೆದರೂ ಅದೇ ತಪ್ಪು ಗಟ್ಟಿಯಾಗುತ್ತದೆ. ಕನ್ನಡ ಮಾಧ್ಯಮದಲ್ಲಿ ಓದಿದೆ ಅಂತ ಹಿಂಜರಿಯಬೇಡಿ. ಕನ್ನಡದಲ್ಲಿ ಸರಿಯಾಗಿ ವಾದ ಮಂಡಿಸಲು ಬರುವವರು ಇಂಗ್ಲಿಷ್ ಪ್ರಬಂಧವನ್ನೂ ಬೇಗ ಕಲಿಯುತ್ತಾರೆ.

ಪರೀಕ್ಷೆ ಬರೆಯಲು ಬೀದರ್‌ನವರಿಗೆ ಬೆಂಗಳೂರಿಗಿಂತ ಹೈದರಾಬಾದ್ ಹತ್ತಿರ, ಕಲಬುರಗಿಯವರಿಗೂ ಅಷ್ಟೇ. ಹಿಂದಿನ ದಿನವೇ ಹೋಗಿ ಉಳಿಯಿರಿ. ರಾತ್ರಿಯೆಲ್ಲಾ ಬಸ್ಸಿನಲ್ಲಿ ಕೂತು ಬೆಳಿಗ್ಗೆ ಲಿಸನಿಂಗ್ ಬರೆದರೆ 8 ಬರುವುದು ಕಷ್ಟ. ಮೂಲ ಪಾಸ್‌ಪೋರ್ಟ್ ಮರೆಯಬೇಡಿ.

## ಹಂತ 5: ಕೆಲಸದ ಕೋಡ್ ಮತ್ತು ಅನುಭವ ಪತ್ರ

ಕೆನಡಾದವರು ಪ್ರತಿ ಕೆಲಸಕ್ಕೂ ಐದು ಅಂಕಿಯ ಒಂದು ಕೋಡ್ ಕೊಟ್ಟಿದ್ದಾರೆ. ಅದನ್ನು ಎನ್‌ಒಸಿ ಅನ್ನುತ್ತಾರೆ. ಉದಾಹರಣೆಗೆ ಸಿವಿಲ್ ಎಂಜಿನಿಯರ್ 21300, ನೋಂದಾಯಿತ ನರ್ಸ್ 31301, ಪ್ರೌಢಶಾಲಾ ಶಿಕ್ಷಕ 41220. ಕೆಲಸಗಳನ್ನು ಟಿಯರ್ 0ರಿಂದ 5ರವರೆಗೆ ವಿಂಗಡಿಸಿದ್ದಾರೆ. ಈ ದಾರಿಗೆ 0, 1, 2, 3 ನಡೆಯುತ್ತವೆ. 4, 5 ನಡೆಯುವುದಿಲ್ಲ.

ಹುದ್ದೆಯ ಹೆಸರು ನೋಡಿ ಕೋಡ್ ಆರಿಸಬೇಡಿ. ನಮ್ಮಲ್ಲಿ ಎಲ್ಲರೂ ಮ್ಯಾನೇಜರ್, ಎಲ್ಲರೂ ಎಂಜಿನಿಯರ್. ಕೋಡ್ ಕೆಳಗೆ ಬರೆದಿರುವ ಕೆಲಸಗಳ ಪಟ್ಟಿ ಓದಿ. ನೀವು ದಿನಾ ಮಾಡುವುದು ಅದರಲ್ಲಿ ಬಹುಪಾಲು ಇದ್ದರೆ ಮಾತ್ರ ಅದು ನಿಮ್ಮ ಕೋಡ್.

ಕಳೆದ 10 ವರ್ಷದಲ್ಲಿ ಕನಿಷ್ಠ ಒಂದು ವರ್ಷ, ನಡುವೆ ಬಿಡುವಿಲ್ಲದೆ, ವಾರಕ್ಕೆ 30 ಗಂಟೆಯಂತೆ, ಸಂಬಳ ಪಡೆದು ಮಾಡಿದ ಕೆಲಸ ಇರಬೇಕು. ಒಟ್ಟು 1,560 ಗಂಟೆ. ವಾರಕ್ಕೆ 15 ಗಂಟೆ ಆದರೆ ಎರಡು ವರ್ಷ ಬೇಕು. ಅತಿಥಿ ಉಪನ್ಯಾಸಕರೇ, ಇದನ್ನು ಎರಡು ಸಲ ಓದಿ. ವಾರಕ್ಕೆ ಕೆಲವೇ ಗಂಟೆ ಪಾಠ, ಸೆಮಿಸ್ಟರ್ ಮುಗಿದಾಗ ಕೆಲಸ ನಿಲ್ಲುತ್ತದೆ, ಮತ್ತೆ ಕರೆದಾಗ ಶುರು. ಐದು ವರ್ಷ ಪಾಠ ಮಾಡಿದರೂ ಈ ಲೆಕ್ಕದಲ್ಲಿ ಒಂದು ವರ್ಷವೂ ನಿಲ್ಲದೆ ಹೋಗಬಹುದು. ಗಂಟೆ ಲೆಕ್ಕವನ್ನು ಪ್ರಾಮಾಣಿಕವಾಗಿ ಕೂಡಿಸಿ ನೋಡಿ ಮುಂದಿನ ಹೆಜ್ಜೆ ಇಡಿ.

ಅನುಭವ ಪತ್ರ ಕಂಪನಿಯ ಲೆಟರ್‌ಹೆಡ್‌ನಲ್ಲಿ ಇರಬೇಕು. ಅದರಲ್ಲಿ ಹುದ್ದೆ, ಸೇರಿದ ಮತ್ತು ಬಿಟ್ಟ ದಿನ, ವಾರಕ್ಕೆ ಎಷ್ಟು ಗಂಟೆ, ವರ್ಷದ ಸಂಬಳ ಮತ್ತು ಸೌಲಭ್ಯ, ಮಾಡಿದ ಕೆಲಸಗಳ ವಿವರ, ಸಹಿ ಮಾಡಿದವರ ಹೆಸರು, ಹುದ್ದೆ, ಸಂಪರ್ಕ ಇರಬೇಕು. ಕಚೇರಿಗಳು ಸಾಮಾನ್ಯವಾಗಿ ಕೊಡುವ “ಇವರು ನಮ್ಮಲ್ಲಿ ಕೆಲಸ ಮಾಡಿದ್ದಾರೆ, ಇವರ ನಡತೆ ಒಳ್ಳೆಯದು” ಅನ್ನುವ ಪತ್ರದಿಂದ ಏನೂ ಆಗುವುದಿಲ್ಲ. ಕೆಲಸ ಬಿಡುವ ಮುಂಚೆಯೇ ಇದನ್ನು ಬರೆಸಿಕೊಳ್ಳಿ. ಬಿಟ್ಟ ಮೇಲೆ ಫೋನ್ ಎತ್ತುವವರು ಸಿಗುವುದಿಲ್ಲ. ಕೆಲಸಗಳ ವಿವರವನ್ನು ಕೋಡ್ ಪುಟದಿಂದ ಹಾಗೇ ನಕಲು ಮಾಡಬೇಡಿ. ಅಧಿಕಾರಿಗಳು ಆ ವಾಕ್ಯಗಳನ್ನು ದಿನಾ ಓದುತ್ತಾರೆ, ಒಂದು ನೋಟಕ್ಕೆ ಗುರುತಿಸುತ್ತಾರೆ.

ಸಂಬಳ ಕೈಗೆ ಕೊಡುವ ಕಡೆ ಕೆಲಸ ಮಾಡುತ್ತಿದ್ದರೆ ಇವತ್ತೇ ಮಾಲೀಕರನ್ನು ಕೇಳಿ ಬ್ಯಾಂಕಿಗೆ ಹಾಕಿಸಿಕೊಳ್ಳಿ. ಪತ್ರದ ಜೊತೆ ಸಂಬಳ ಚೀಟಿ, ಫಾರಂ 16, ಪಿಎಫ್ ಪಾಸ್‌ಬುಕ್ ಇದ್ದರೆ ಬಲ. ಸ್ವಂತ ವ್ಯವಹಾರ ಮಾಡಿದವರ ಅನುಭವವನ್ನೂ ಈ ದಾರಿಯಲ್ಲಿ ಒಪ್ಪುತ್ತಾರೆ. ಆದರೆ ಬೇರೆಯವರು ಕೊಟ್ಟ ಪುರಾವೆ ಬೇಕು. ಜಿಎಸ್‌ಟಿ, ಆದಾಯ ತೆರಿಗೆ ವಿವರ, ಗ್ರಾಹಕರ ಪತ್ರಗಳು. ಅಪ್ಪನ ಅಂಗಡಿಯಲ್ಲಿ ಸಂಬಳವಿಲ್ಲದೆ ಕೂತದ್ದು ಅನುಭವ ಆಗುವುದಿಲ್ಲ.

## ಹಂತ 6: ದುಡ್ಡು ಆರು ತಿಂಗಳು ಮೊದಲೇ ಖಾತೆಯಲ್ಲಿ

ಹೋಗಿ ನೆಲೆಸಲು ನಿಮ್ಮ ಬಳಿ ದುಡ್ಡಿದೆ ಅಂತ ತೋರಿಸಬೇಕು. 2025ರ ಜುಲೈನಲ್ಲಿ ಹೊಸದಾಗಿ ಹೇಳಿದ ಮೊತ್ತ ಒಬ್ಬರಿಗೆ 15,263 ಕೆನಡಾ ಡಾಲರ್, ಇಬ್ಬರಿಗೆ 19,001, ನಾಲ್ವರಿಗೆ 28,362. ಪ್ರತಿ ವರ್ಷ ಇದು ಬದಲಾಗುತ್ತದೆ, ಅರ್ಜಿ ಹಾಕುವಾಗ ಅವರ ಜಾಲತಾಣದಲ್ಲಿ ನೋಡಿ. ಹೆಂಡತಿ ಮಕ್ಕಳು ಈಗ ಬರುವುದಿಲ್ಲ ಅಂದರೂ ಅವರನ್ನು ಸೇರಿಸಿಯೇ ಎಣಿಸಬೇಕು.

ಇಲ್ಲಿ ನಮ್ಮ ಮನೆಗಳ ಲೆಕ್ಕವೇ ಬೇರೆ. ಇಪ್ಪತ್ತು ಎಕರೆ ಹೊಲ ಇದೆ, ಪಹಣಿ ಇದೆ, ಮನೆಯಲ್ಲಿ ಬಂಗಾರ ಇದೆ. ಇವು ಯಾವುದೂ ಲೆಕ್ಕಕ್ಕೆ ಬರುವುದಿಲ್ಲ. ಸಾಲ ತಂದ ದುಡ್ಡೂ ಬರುವುದಿಲ್ಲ. ನಿಮ್ಮ ಹೆಸರಲ್ಲಿ, ಯಾವಾಗ ಬೇಕಾದರೂ ತೆಗೆಯಬಹುದಾದ ದುಡ್ಡು ಬೇಕು.

ಬ್ಯಾಂಕ್ ಕೊಡುವ ಪತ್ರದಲ್ಲಿ ಈಗಿನ ಶಿಲ್ಕಿನ ಜೊತೆ ಕಳೆದ 6 ತಿಂಗಳ ಸರಾಸರಿ ಶಿಲ್ಕೂ ಇರಬೇಕು. ಅದಕ್ಕೇ ಕೊನೆಯ ವಾರ ತುಂಬಿದ ದುಡ್ಡು ಕೆಲಸಕ್ಕೆ ಬರುವುದಿಲ್ಲ. ಖಾತೆ ನಂಬರ್, ಖಾತೆ ತೆರೆದ ದಿನ, ಸಾಲ ಇದ್ದರೆ ಅದರ ಬಾಕಿ, ಇವೂ ಅದೇ ಪತ್ರದಲ್ಲಿ ಬರಬೇಕು. ಊರಿನ ಶಾಖೆಗಳಲ್ಲಿ ಇಂಥ ಪತ್ರ ಯಾರೂ ಕೇಳಿರುವುದಿಲ್ಲ. ಒಂದು ಮಾದರಿ ಟೈಪ್ ಮಾಡಿಸಿಕೊಂಡು ಹೋಗಿ ಮ್ಯಾನೇಜರ್‌ಗೆ ತೋರಿಸಿ, ಕೆಲಸ ಬೇಗ ಆಗುತ್ತದೆ.

ತೊಗರಿ ರಾಶಿಯಾಗಿ ಗಂಜ್‌ನಲ್ಲಿ ಮಾರಿದ ದುಡ್ಡು ಒಮ್ಮೆಲೇ ಖಾತೆಗೆ ಬಂದಿದ್ದರೆ ಅಡತಿ ಅಂಗಡಿಯ ಪಟ್ಟಿ ಎಸೆಯಬೇಡಿ. ದೊಡ್ಡ ಮೊತ್ತ ಎಲ್ಲಿಂದ ಬಂತು ಅಂತ ಕೇಳಿದಾಗ ಅದೇ ಉತ್ತರ. ಅಪ್ಪ ಕೊಟ್ಟಿದ್ದರೆ, ಮರಳಿ ಕೊಡಬೇಕಿಲ್ಲ ಅಂತ ಬರೆದ ದಾನಪತ್ರ, ಅಪ್ಪನ ಖಾತೆಯ ವಿವರ ಎರಡೂ ಇಟ್ಟುಕೊಳ್ಳಿ. ಅಪ್ಪನಿಗೆ ಆ ದುಡ್ಡು ತೊಗರಿಯಿಂದ ಬಂದಿದ್ದರೆ ಅದರ ಪಟ್ಟಿಯೂ ಬೇಕು.

## ಹಂತ 7: ಈಗ ಸಿಆರ್‌ಎಸ್ ಎಣಿಸಿ

ಕಾಗದ ಕೈಯಲ್ಲಿದ್ದಾಗ ಎಣಿಸಿದ ಅಂಕವೇ ನಿಜವಾದ ಅಂಕ. ಅದೇ 29ರ ಹುಡುಗ, ಮದುವೆಯಾಗಿಲ್ಲ. ವಯಸ್ಸಿಗೆ 110, ಪದವಿಗೆ 120, ನಾಲ್ಕರಲ್ಲೂ ಸಿಎಲ್‌ಬಿ 9ಕ್ಕೆ 124, ಓದು ಮತ್ತು ಭಾಷೆ ಸೇರಿ 25, ಮೂರು ವರ್ಷದ ಅನುಭವ ಮತ್ತು ಭಾಷೆ ಸೇರಿ 50. ಒಟ್ಟು 429. ಸಿಎಲ್‌ಬಿ 8ರಲ್ಲಿ ನಿಂತಿದ್ದರೆ 360.

ಒಂದು ಮಾತು ಮುಚ್ಚಿಡುವುದಿಲ್ಲ. 429 ಒಂದರಿಂದಲೇ ಕರೆ ಬರುವ ಕಾಲ ಇದಲ್ಲ. 2025ರಲ್ಲಿ ಕೆನಡಾದಲ್ಲೇ ಕೆಲಸ ಮಾಡಿದವರಿಗೆ ನಡೆದ ಡ್ರಾಗಳೇ, ಅಂದರೆ ಅಂಕ ನೋಡಿ ಕರೆಯುವ ಸುತ್ತುಗಳೇ, 500ರ ಮೇಲೆ ನಿಂತವು. ಹಾಗಾದರೆ ಏರಿಸುವುದು ಹೇಗೆ?

ಸ್ನಾತಕೋತ್ತರ ಪದವಿ ಇದ್ದರೆ 135, ಮತ್ತು ಓದು ಭಾಷೆ ಸೇರಿದ ಅಂಕ 50. ಒಟ್ಟು 469. ಬಿಎಸ್ಸಿ ಜೊತೆ ಬಿಎಡ್ ಹೀಗೆ ಎರಡು ಪದವಿ ಅಂತ ಇಸಿಎ ಬಂದರೆ 128 ಮತ್ತು 50, ಒಟ್ಟು 462.

ಫ್ರೆಂಚ್ ಇದಕ್ಕಿಂತ ದೊಡ್ಡದು. ನಾಲ್ಕೂ ವಿಭಾಗದಲ್ಲಿ ಮಟ್ಟ 7 ಬಂದರೆ 50 ಹೆಚ್ಚುವರಿ, ಎರಡನೇ ಭಾಷೆಯ ಲೆಕ್ಕದಲ್ಲಿ 12. ನಮ್ಮ ಹುಡುಗ 491ಕ್ಕೆ ಏರಿದ. ಅದಕ್ಕಿಂತ ಮುಖ್ಯ, ಫ್ರೆಂಚ್ ಬಲ್ಲವರಿಗೆ ಬೇರೆಯೇ ಡ್ರಾ ನಡೆಯುತ್ತದೆ. 2025ರ ಮಾರ್ಚ್‌ನ ಅಂಥ ಒಂದು ಡ್ರಾ 379ಕ್ಕೆ ಇಳಿದಿತ್ತು. ಸೊನ್ನೆಯಿಂದ ಅಲ್ಲಿಗೆ ಮುಟ್ಟಲು ವರ್ಷಕ್ಕಿಂತ ಹೆಚ್ಚು ದುಡಿಮೆ ಬೇಕು. ಮನೆಯಲ್ಲಿ ಕನ್ನಡ, ಓಣಿಯಲ್ಲಿ ದಖ್ಖನಿ, ಗಡಿಯಲ್ಲಿ ಮರಾಠಿ, ತೆಲುಗು ಆಡಿ ಬೆಳೆದ ನಮ್ಮ ಮಕ್ಕಳಿಗೆ ಇನ್ನೊಂದು ಭಾಷೆ ಕಲಿಯುವುದು ಹೊಸದಲ್ಲ. ನನ್ನನ್ನು ಕೇಳಿದರೆ 30ರೊಳಗಿನವರಿಗೆ ಇದೇ ಅತ್ಯುತ್ತಮ ದಾರಿ.

ಪ್ರಾಂತ್ಯವೊಂದು ನಾಮನಿರ್ದೇಶನ ಮಾಡಿದರೆ 600 ಅಂಕ ಸಿಗುತ್ತದೆ. ಆರೋಗ್ಯ, ಕುಶಲ ಕೆಲಸದಂಥ ಕೆಲವು ವರ್ಗಗಳಿಗೂ ಬೇರೆ ಡ್ರಾ ಇವೆ. ಶಿಕ್ಷಣ 2025ರಲ್ಲಿ ಸೇರಿತು. ವರ್ಗಗಳ ಪಟ್ಟಿ ಬದಲಾಗುತ್ತಿರುತ್ತದೆ. ನರ್ಸ್‌ಗಳು, ಶಿಕ್ಷಕರು ಒಂದು ನೆನಪಿಡಿ: ಪಿಆರ್ ಸಿಕ್ಕರೆ ಅಲ್ಲಿ ಕೆಲಸ ಮಾಡುವ ಪರವಾನಗಿ ಸಿಕ್ಕಂತಲ್ಲ. ಅದು ಪ್ರಾಂತ್ಯದ ಬೇರೆ ಪ್ರಕ್ರಿಯೆ.

ಗಂಡ ಹೆಂಡತಿ ಇಬ್ಬರೂ ಓದಿದ್ದರೆ ಇಬ್ಬರನ್ನೂ ಮುಖ್ಯ ಅರ್ಜಿದಾರರನ್ನಾಗಿ ಇಟ್ಟು ಎರಡು ಸಲ ಎಣಿಸಿ. ಯಾವಾಗಲೂ ಗಂಡನ ಹೆಸರಲ್ಲೇ ಹಾಕಬೇಕು ಅಂತ ಎಲ್ಲೂ ಇಲ್ಲ. ಎಷ್ಟೋ ಮನೆಗಳಲ್ಲಿ ಹೆಂಡತಿಯ ಅಂಕವೇ ಜಾಸ್ತಿ ಇರುತ್ತದೆ. 30ನೇ ಹುಟ್ಟುಹಬ್ಬದಿಂದ 40ರವರೆಗೆ ಪ್ರತಿ ಹುಟ್ಟುಹಬ್ಬಕ್ಕೆ ಐದಾರು ಅಂಕ ಇಳಿಯುತ್ತದೆ ಅನ್ನುವುದೂ ಲೆಕ್ಕದಲ್ಲಿ ಇರಲಿ.

## ಎಚ್ಚರಿಕೆಯ ಗುರುತುಗಳು

“ಜಾಬ್ ಆಫರ್ ಕೊಡಿಸ್ತೀವಿ, ಪಾಯಿಂಟ್ ಬರ್ತಾವ” ಅಂತ ಲಕ್ಷಗಟ್ಟಲೆ ಕೇಳುವವರು ಈಗಲೂ ಇದ್ದಾರೆ. 2025ರ ಮಾರ್ಚ್ 25ರಿಂದ ಜಾಬ್ ಆಫರ್‌ಗೆ ಸಿಆರ್‌ಎಸ್ ಅಂಕವೇ ಇಲ್ಲ. ಅಲ್ಲೇ ಎದ್ದು ಬನ್ನಿ.

ಪ್ರೊಫೈಲ್ ಮಾಡಲು ಸರ್ಕಾರಕ್ಕೆ ಒಂದು ರೂಪಾಯಿ ಕಟ್ಟಬೇಕಿಲ್ಲ. “ಪ್ರೊಫೈಲ್ ಸರ್ಕಾರಿ ಫೀ” ಅಂತ ಕೇಳಿದರೆ ಸುಳ್ಳು. ಪಾಸ್‌ವರ್ಡ್ ನಿಮಗೆ ಕೊಡದಿದ್ದರೆ, ಖಾಲಿ ಫಾರಂಗೆ ಸಹಿ ಕೇಳಿದರೆ, ಅನುಭವ ಪತ್ರ “ಮಾಡಿಸಿ” ಕೊಡುತ್ತೇನೆ ಅಂದರೆ ಅವರ ಜೊತೆ ಹೋಗಬೇಡಿ. ಸುಳ್ಳು ಕಾಗದ ಸಿಕ್ಕರೆ 5 ವರ್ಷ ಅರ್ಜಿ ಹಾಕುವಂತಿಲ್ಲ. ಸುಳ್ಳು ಏಜೆಂಟ್ ಬರೆದದ್ದಾದರೂ ಶಿಕ್ಷೆ ನಿಮಗೆ.

ದುಡ್ಡು ತೆಗೆದುಕೊಂಡು ಸಲಹೆ ಕೊಡಲು ಕೆನಡಾದ ವಕೀಲರಿಗೆ, ಅಲ್ಲಿನ ವಲಸೆ ಸಲಹೆಗಾರರ ಕಾಲೇಜಿನಲ್ಲಿ ನೋಂದಾಯಿಸಿದವರಿಗೆ, ಹೀಗೆ ಪರವಾನಗಿ ಇರುವವರಿಗೆ ಮಾತ್ರ ಅಧಿಕಾರ. ಅದು ಓದುವ ಕಾಲೇಜಲ್ಲ, ಸಲಹೆಗಾರರನ್ನು ನಿಯಂತ್ರಿಸುವ ಸಂಸ್ಥೆ. ಅದರ ಪಟ್ಟಿ ಎಲ್ಲರಿಗೂ ತೆರೆದಿದೆ. ಸದಸ್ಯತ್ವದ ನಂಬರ್ ಕೇಳಿ, ನೀವೇ ಹುಡುಕಿ ನೋಡಿ.

## ಹಂತ 8: ಪ್ರೊಫೈಲ್

ಪಾಸ್‌ಪೋರ್ಟ್, ಇಸಿಎ ನಂಬರ್, ಪರೀಕ್ಷೆಯ ವರದಿ, ಕೆಲಸದ ಕೋಡ್ ಮುಂದಿಟ್ಟುಕೊಂಡು ಒಂದೇ ಸಲ ಕೂತು ತುಂಬಿ. ಪ್ರೊಫೈಲ್ 12 ತಿಂಗಳು ಇರುತ್ತದೆ. ಆಮೇಲೆ ಮತ್ತೆ ಮಾಡಬಹುದು. ಪ್ರತಿ ಪುಟದ ಸ್ಕ್ರೀನ್‌ಶಾಟ್ ಇಡಿ. ಇಲ್ಲಿ ಬರೆದದ್ದಕ್ಕೂ ಕೊನೆಯ ಅರ್ಜಿಯಲ್ಲಿ ಬರೆದದ್ದಕ್ಕೂ ಒಂದು ತಿಂಗಳ ವ್ಯತ್ಯಾಸ ಬಂದರೂ ಪ್ರಶ್ನೆ ಏಳುತ್ತದೆ.

## ಹಂತ 9: ಕರೆ ಬಂದ ಮೇಲಿನ 60 ದಿನ

ಆಹ್ವಾನ ಬಂದ ದಿನದಿಂದ 60 ದಿನದೊಳಗೆ ಪೂರ್ತಿ ಅರ್ಜಿ ಸಲ್ಲಿಸಬೇಕು. ಮೇಲಿನ ಹಂತಗಳನ್ನು ಮುಗಿಸಿದವರಿಗೆ ಇಲ್ಲಿ ಉಳಿಯುವುದು ಪೊಲೀಸ್ ಪ್ರಮಾಣಪತ್ರ, ವೈದ್ಯಕೀಯ ತಪಾಸಣೆ, ಅನುವಾದ, ಶುಲ್ಕ.

ಮೊದಲ ದಿನವೇ ಪಾಸ್‌ಪೋರ್ಟ್ ಸೇವಾ ಪೋರ್ಟಲ್‌ನಲ್ಲಿ ಪಿಸಿಸಿಗೆ, ಅಂದರೆ ಪೊಲೀಸ್ ಪ್ರಮಾಣಪತ್ರಕ್ಕೆ, ಅರ್ಜಿ ಹಾಕಿ. ಕಳೆದ 10 ವರ್ಷದಲ್ಲಿ, 18 ತುಂಬಿದ ಮೇಲೆ, ಒಂದೇ ಸಮನೆ 6 ತಿಂಗಳು ಅಥವಾ ಹೆಚ್ಚು ಇದ್ದ ಪ್ರತಿ ದೇಶದ ಪೊಲೀಸ್ ಪತ್ರವೂ ಬೇಕು. ಸೌದಿ, ದುಬೈ, ಕುವೈತ್‌ನಲ್ಲಿ ದುಡಿದವರು ನಮ್ಮಲ್ಲಿ ಬಹಳ. ನನ್ನ ತಂಗಿಯ ಮಗನ ಆಹ್ವಾನ ಹೀಗೇ ಕೈತಪ್ಪಿತು. ಕೊಲ್ಲಿಯಿಂದ ಬಂದು ಮೂರು ವರ್ಷವಾಗಿತ್ತು, ಅಲ್ಲಿನ ಪತ್ರ 60 ದಿನದಲ್ಲಿ ಬರಲಿಲ್ಲ. ಈಗ ಅಲ್ಲೇ ಇರುವವರು ಆ ಪತ್ರ ಪಡೆಯುವ ದಾರಿಯನ್ನು ಹೊರಡುವ ಮುಂಚೆಯೇ ತಿಳಿದುಕೊಳ್ಳಿ.

2025ರ ಆಗಸ್ಟ್ 21ರಿಂದ ವೈದ್ಯಕೀಯ ತಪಾಸಣೆ ಅರ್ಜಿ ಸಲ್ಲಿಸುವ ಮುಂಚೆಯೇ ಆಗಬೇಕು. ಹಳೆಯ ವಿಡಿಯೋ ನೋಡಿ “ಅವರು ಕೇಳಿದ ಮೇಲೆ ಮಾಡಿಸೋಣ” ಅಂತ ಕೂರಬೇಡಿ. ಅವರ ಪಟ್ಟಿಯಲ್ಲಿರುವ ವೈದ್ಯರೇ ಆಗಬೇಕು, ನಮ್ಮೂರಿನ ಎಷ್ಟೇ ದೊಡ್ಡ ಡಾಕ್ಟರ್ ಬರೆದರೂ ನಡೆಯುವುದಿಲ್ಲ. ಹೈದರಾಬಾದ್, ಬೆಂಗಳೂರಿನಲ್ಲಿ ಇದ್ದಾರೆ.

ಕನ್ನಡದ ಮದುವೆ ಪತ್ರ, ಉರ್ದುವಿನ ನಿಕಾಹ್‌ನಾಮಾ ಇದ್ದರೆ ಇಂಗ್ಲಿಷ್ ಅನುವಾದ, ಅನುವಾದಕರ ಅಫಿಡವಿಟ್, ಮೂಲದ ಪ್ರತಿ ಮೂರೂ ಬೇಕು. ಮನೆಯವರು ಅನುವಾದ ಮಾಡುವಂತಿಲ್ಲ, ಅವರು ಇಂಗ್ಲಿಷ್ ಮೇಷ್ಟ್ರಾಗಿದ್ದರೂ ಸರಿ.

2024ರ ಏಪ್ರಿಲ್ 30ರಿಂದ ದೊಡ್ಡವರೊಬ್ಬರಿಗೆ ಶುಲ್ಕ 1,525 ಡಾಲರ್ ಆಯಿತು, ಬಯೋಮೆಟ್ರಿಕ್‌ಗೆ ಬೇರೆ 85. ಎರಡು ವರ್ಷಕ್ಕೊಮ್ಮೆ ಶುಲ್ಕ ಏರಿಸುತ್ತಾರೆ, ಹಾಗಾಗಿ ಕಟ್ಟುವ ದಿನದ ದರ ನೋಡಿ. ಅಂತರರಾಷ್ಟ್ರೀಯ ಪಾವತಿ ನಡೆಯುವ ಕಾರ್ಡ್ ಮೊದಲೇ ಸಿದ್ಧ ಮಾಡಿ. ಕೊನೆಯ ರಾತ್ರಿ ಕಾರ್ಡ್ ನಡೆಯದೆ ಒದ್ದಾಡಿದವರು ಕಡಿಮೆಯಿಲ್ಲ.

ಯಾವುದೋ ಕಾಗದ ಬರುವುದೇ ಇಲ್ಲ ಅಂತ ಖಚಿತವಾದರೆ ಅರೆಬರೆ ಅರ್ಜಿ ಹಾಕಬೇಡಿ. ಆಹ್ವಾನ ನಿರಾಕರಿಸಿದರೆ ಮತ್ತೆ ಪೂಲ್‌ಗೆ, ಅಂದರೆ ಕರೆಗಾಗಿ ಕಾಯುವವರ ಸರದಿಗೆ, ಹೋಗಬಹುದು.

## ಹಂತ 10: ಸಲ್ಲಿಸಿದ ಮೇಲೆ

ಬಯೋಮೆಟ್ರಿಕ್ ಪತ್ರ ಬಂದಾಗ ವಿಎಫ್‌ಎಸ್ ಅನ್ನುವ ವೀಸಾ ಅರ್ಜಿ ಕೇಂದ್ರಕ್ಕೆ ಹೋಗಿ ಬನ್ನಿ. ಇಮೇಲ್ ಅನ್ನು ದಿನಾ ನೋಡಿ, ಸ್ಪ್ಯಾಮ್ ಅನ್ನೂ ನೋಡಿ. ಪಾಸ್‌ಪೋರ್ಟ್ ಬದಲಾದರೆ, ವಿಳಾಸ ಬದಲಾದರೆ, ಕೆಲಸ ಬಿಟ್ಟರೆ ತಿಳಿಸಿ.

ಮದುವೆ ವಿಷಯ ಮಾತ್ರ ಬಿಡಿಸಿ ಹೇಳಬೇಕು. ಅರ್ಜಿ ಹಾಕಿದ ಮೇಲೆ ಮನೆಯವರು ಸುಮ್ಮನಿರುವುದಿಲ್ಲ. “ಹುಡುಗ ಕೆನಡಾಕ್ಕೆ ಹೊಂಟಾನ, ಮದುವಿ ಮಾಡಿ ಕಳಸೂಣು” ಅಂತ ಬೇಸಿಗೆಯಲ್ಲಿ ಮುಹೂರ್ತ ಇಟ್ಟುಬಿಡುತ್ತಾರೆ. ಪಿಆರ್ ಕೈಗೆ ಬಂದು, ಆ ನೆಲದಲ್ಲಿ ಕಾಲಿಡುವ ಮುಂಚೆ ಮದುವೆಯಾದರೂ, ಮಗು ಹುಟ್ಟಿದರೂ ಕೂಡಲೇ ಇಲಾಖೆಗೆ ತಿಳಿಸಲೇಬೇಕು. ಅಂಕ ಕಡಿಮೆಯಾಗುತ್ತದೆ ಅಂತ ಹೆದರಿ ಮುಚ್ಚಿಟ್ಟರೆ ಆ ಹೆಂಡತಿಯನ್ನು, ಆ ಮಗುವನ್ನು ಮುಂದೆ ಕುಟುಂಬದ ದಾರಿಯಲ್ಲಿ ಕರೆಸಿಕೊಳ್ಳುವ ಹಕ್ಕೇ ಹೋಗಬಹುದು. ಹಾಗಾಗಿ ಅರ್ಜಿಯ ಜೊತೆಗೇ ಮನೆಯವರ ಮುಂದೆ ಕೂತು ಮಾತಾಡಿ. ಮದುವೆ ಮೊದಲೋ ಆಮೇಲೋ ಅಂತ ದಿನಾಂಕ ಹಿಡಿದು ತೀರ್ಮಾನಿಸಿ, ಅದನ್ನೂ ಆ ನೋಟ್‌ಬುಕ್‌ನಲ್ಲಿ ಬರೆದಿಡಿ.